ಇಲ್ಲದ ಮಂಟಪ

ಜೂನ್ 3

ವಕೀಲೆ ಯಶಶ್ರೀ ನೋಟ್‌ಬುಕ್ ಕೊಟ್ಟು, ನೆನಪಾದದ್ದನ್ನೆಲ್ಲ ಬರೆದಿಡಿ ಅಂದಿದ್ದಾಳೆ. ನಾಲ್ಕನೇ ಕ್ಲಾಸಿಗೆ ಸ್ಕೂಲು ಬಿಟ್ಟವನಿಗೆ ಇದೊಂದು ಶಿಕ್ಷೆ. ತಾಮ್ರದ ಮೇಲೆ ಸೂಜಿ ಓಡಿಸು ಅಂದರೆ ಓಡಿಸುತ್ತೇನೆ. ಪೆನ್ನು ನನ್ನ ಮಾತು ಕೇಳುವುದಿಲ್ಲ.

ವಿಷಯ ಇಷ್ಟು. ಮೂವತ್ತು ವರ್ಷದ ಹಿಂದೆ ತಾಮ್ರದ ಪ್ಲೇಟಿನ ಮೇಲೆ ಒಂದು ಪಾಳು ಮಂಟಪದ ಚಿತ್ರ ಕೊರೆದೆ. ಪ್ಲೇಟನ್ನು ಆಸಿಡ್‌ಗೆ ಹಾಕಿ ಪ್ರಿಂಟ್ ತೆಗೆದೆ. ಬಾವಿ, ಸಂಪಿಗೆ ಮರ ನಿಜ — ಲಕ್ಷ್ಮೀದೇವಮ್ಮನ ಹಿತ್ತಲಿನವು. ಅವಳ ಬಾಡಿಗೆ ಮನೆ ಇರುವ ಜಾಗದಲ್ಲಿ ಮಂಟಪ ಇಟ್ಟೆ. ಅದು ನನ್ನ ತಲೆಯೊಳಗಿನದು. ಅಡಿಯಲ್ಲಿ ‘ಎನ್.ಆರ್. ಕಾಲೋನಿಯ ಪ್ರಾಚೀನ ಮಂಟಪ’ ಅಂತ ಬರೆದೆ. ಜಾಗದ ಹೆಸರಿದ್ದರೆ ಜನ ಕೊಳ್ಳುತ್ತಿದ್ದರು. ಪ್ರಿಂಟಿನಲ್ಲಿ ನೆಟ್ಟಗೆ ಬರಲು ಅಕ್ಷರ ಉಲ್ಟಾ ಕೊರೆಯಬೇಕು. ಅಷ್ಟು ಕಷ್ಟಪಟ್ಟು ಸುಳ್ಳು ಕೊರೆದೆ.

ಈಗ ಪರಂಪರೆ ಸಮಿತಿಯವರು ಆ ಪ್ರಿಂಟ್ ಹಿಡಿದು, ಮಂಟಪ ಮನೆಯ ಕೆಳಗಿದೆ, ಅಗೆಯಬೇಕು ಅನ್ನುತ್ತಿದ್ದಾರೆ. ಓನರ್ ಒಪ್ಪಿದ್ದಾನೆ. ಅವಳು ಹೊರಡಲಿ ಅಂತ ಕಾಯುತ್ತಿದ್ದ. ಅಗೆತಕ್ಕೆ ತಡೆ ಕೇಳಿ ಯಶಶ್ರೀ ಅವಳ ಪರ ಕೋರ್ಟಿಗೆ ಹೋಗಿದ್ದಾಳೆ, ನಾನು ಸಾಕ್ಷಿ.

ಜೂನ್ 5

ಸಮಿತಿಯ ಅಧ್ಯಕ್ಷ ಸಂಕರ್ಷಣನನ್ನು ಕಂಡು, ಮಂಟಪ ಬರೀ ನನ್ನ ಕಲ್ಪನೆ ಅಂದೆ.

“ಇಂಥಾ ಕಂಬ ಕಲ್ಪನೇಲಿ ಬರುತ್ತಾ ಯಜಮಾನ್ರೇ?”

“ನನ್ ಹೆಂಡ್ತಿ ಹೊಲಿಗೆ ಮಿಷನ್ ಕಾಲು ನೋಡ್ಕೊಂಡ್ ಕೊರ್ದಿದ್ದು. ಬನ್ನಿ, ಮನೇಲೇ ಇದೆ.”

ಬಂದ. ಮಂಡಿಯೂರಿ ಫೋಟೋ ತೆಗೆದ. “ನೋಡಿದ್ರಾ, ನಮ್ ಶಿಲ್ಪಿಗಳ ಡಿಸೈನು ಬಿಳಿಯೋರ ಮಿಷನ್ನಿಗೂ ಹೋಗಿದೆ.”

ಕಪಾಳಕ್ಕೆ ಬಿಡಬೇಕಿತ್ತು...

ಜೂನ್ 6, ಬೆಳಿಗ್ಗೆ

ಲಕ್ಷ್ಮೀದೇವಮ್ಮ ಗೇಟಿನಲ್ಲೇ ನಿಲ್ಲಿಸಿದಳು. “ಪುಟ್ಟಯ್ಯ, ಈ ಜಾಗದ ಹೆಸ್ರು ಯಾಕಪ್ಪ ಬರ್ದೆ?”

“ವ್ಯಾಪಾರಕ್ಕೆ.”

“ಬೇರೆ ಊರೇ ಸಿಗ್ಲಿಲ್ವಾ ನಿಂಗೆ?”

ಗೇಟಿನ ಚಿಲಕ ಹಾಕಿ ಬಂದೆ.

ಜೂನ್ 14

ತಡೆ ಸಿಗಲಿಲ್ಲ. ಚಿತ್ರದ ಕೆಳಗೆ ನನ್ನದೇ ಅಕ್ಷರ, ನನ್ನದೇ ಸಹಿ. ಆವತ್ತಿನದು ನಿಜವಂತೆ, ಈವತ್ತು ಹೇಳುವುದು ಮುದುಕನ ಮರೆವಂತೆ.

ಅಡುಗೆಮನೆ ಅಗೆದರು. ಐದಡಿ. ಕೆಮ್ಮಣ್ಣು, ಒಂದು ತುಕ್ಕು ಪೈಪು. ಸಂಕರ್ಷಣ ಹಳ್ಳಕ್ಕೆ ಬಗ್ಗಿ ನೋಡಿ, “ಇನ್ನೂ ಕೆಳಗಿರ್ಬೇಕು” ಅಂದ.

ಲಕ್ಷ್ಮೀದೇವಮ್ಮ ಜಗಲಿಯಲ್ಲಿ ಸ್ಟೌ ಇಟ್ಟುಕೊಂಡಿದ್ದಾಳೆ. ನನ್ನನ್ನು ಕಂಡು ಎದ್ದು ಒಳಗೆ ಹೋಗಲು ನೋಡಿದಳು. ಒಳಗೆಲ್ಲ ಅಗೆದ ಮಣ್ಣಿನ ರಾಶಿ, ಕಾಲಿಡಲು ಜಾಗವಿರಲಿಲ್ಲ.

ಜೂನ್ 16

ಸಂಕರ್ಷಣನಿಗೆ ಕಾಗದ ಕೊಟ್ಟು ಬಂದೆ. ಬರೆದದ್ದು ಇಷ್ಟೇ —

ಮಂಟಪ ಇಲ್ಲ. ಇರಲಿಲ್ಲ. ಸುಳ್ಳು ಬರೆದವನು ನಾನು. ಇಪ್ಪತ್ತೊಂದಕ್ಕೆ ಹಜಾರವನ್ನೂ ಅಗೆಯುತ್ತೀರಂತೆ. ಎಷ್ಟು ಅಡಿ ಅಗೆದ ಮೇಲೆ ನನ್ನ ಮಾತು ನಂಬುತ್ತೀರಿ? ಇಪ್ಪತ್ತನೇ ತಾರೀಖಿನೊಳಗೆ ಬರೆದು ಕೊಡಿ.