ಪಾತ್ರೆಯ ತಳದ ಹೆಸರು

ಕಾರ್ವರ್ಸ್ ಫೋರ್ಕ್, ಪಶ್ಚಿಮ ವರ್ಜೀನಿಯಾ
ಅಕ್ಟೋಬರ್ 13, 1942, ಮಂಗಳವಾರ

ಮಗಳೇ ಒರ್ಫಾ,

ನಿನ್ನ ಕಾಗದ ಬಂತು. ಸೋಮವಾರದ ವಿಚಾರಣೆಗೆಂದು ಶನಿವಾರವೇ ರೈಲಿಗೆ ಬರುತ್ತೇನೆ, ನನ್ನ ಕೋಣೆಯ ಕಿಟಕಿ ತೆಗೆದು ಗಾಳಿಯಾಡಲು ಬಿಟ್ಟಿರು ಎಂದು ಬರೆದಿದ್ದೀಯ. ಕಿಟಕಿ ತೆಗೆದಿಲ್ಲ. ತೆಗೆಯುವುದೂ ಇಲ್ಲ. ನೀನು ಬರಬೇಡ.

ಇದನ್ನು ಓದಿ ನೀನು ನಗುತ್ತೀಯ. ಅಮ್ಮನಿಗೆ ಭಯವೇ? ಗಣಿ ಕುಸಿದ ದಿನ ಬೇರೆ ಹೆಂಗಸರು ಗೋಳಾಡುತ್ತಿದ್ದಾಗ ಸುರಂಗದ ಬಾಯಲ್ಲೇ ಒಲೆ ಹೂಡಿ ಕಾಫಿ ಕಾಯಿಸಿದವಳಿಗೆ? ಹೌದು, ಭಯ. ಇವತ್ತು ಹಿಟ್ಟು ಕಲಸುವಾಗ ಬಾಗಿಲ ಕಡೆಯೇ ನೋಡುತ್ತಿದ್ದು ನೀರು ಹೆಚ್ಚಾಗಿ ಹೋಯಿತು. ನಮ್ಮ ಮುಂಬಾಗಿಲಿಗೆ ಬೀಗ ಹಾಕುವ ರೂಢಿ ಎಂದೂ ಇರಲಿಲ್ಲ. ಬೀಗದ ಕೈ ಹುಡುಕಿದೆ, ಸಿಗಲಿಲ್ಲ. ಬಾಗಿಲಿಗೆ ನಿನ್ನ ಅಪ್ಪನ ಕುರ್ಚಿಯನ್ನು ಆನಿಸಿ ಇಟ್ಟು ಈ ಕಾಗದ ಬರೆಯುತ್ತಿದ್ದೇನೆ.

ಮೊದಲೇ ಹೇಳಿಬಿಡುತ್ತೇನೆ, ನೀನು ವಾದಿಸಲು ಬರುತ್ತಿರುವ ಆ ಕ್ರಿಸ್ಲಿಪ್ ಸಂಸಾರದ ಮೇಲೆ ನನಗೆ ಯಾವ ಮಮತೆಯೂ ಇಲ್ಲ. ಅವರು ಯೆಹೋವನ ಸಾಕ್ಷಿಗಳು ಎಂಬ ಪಂಥದವರು. ಭಾನುವಾರ ಬೆಳಿಗ್ಗೆ ಜನ ಚರ್ಚಿಗೆ ಹೊರಡುವ ಹೊತ್ತಿಗೇ ಬಂದು ಬಾಗಿಲು ತಟ್ಟಿ ಪುಸ್ತಿಕೆ ಚಾಚುತ್ತಿದ್ದವರು. ಅವರ ಮಕ್ಕಳು ಶಾಲೆಯಲ್ಲಿ ಬಾವುಟಕ್ಕೆ ಕೈ ಎತ್ತಿ ವಂದಿಸುವುದಿಲ್ಲ, ಅದು ವಿಗ್ರಹಕ್ಕೆ ಅಡ್ಡಬಿದ್ದ ಹಾಗೆ ಎನ್ನುತ್ತಾರೆ. ನನ್ನ ಮಗ ಕ್ಲೇಬರ್ನ್ ಅದೇ ಬಾವುಟ ಹೊತ್ತ ಹಡಗಿನಲ್ಲಿ ಪೆಸಿಫಿಕ್ ಸಮುದ್ರದಲ್ಲಿದ್ದಾನೆ. ಈ ಮನೆಯ ಮಗ ಯುದ್ಧಕ್ಕೆ ಹೋಗಿದ್ದಾನೆ ಎಂದು ತೋರಿಸುವ ನೀಲಿ ನಕ್ಷತ್ರ ನನ್ನ ಕಿಟಕಿಯಲ್ಲಿ ಅವನ ಹೆಸರಿಗೆ ತೂಗುತ್ತಿದೆ. ನನಗೆ ಹೇಗೆ ಹಿಡಿಸೀತು?

ಆದರೆ ಮೊಕದ್ದಮೆಯ ವಿಷಯ ನನಗೂ ಅರ್ಥವಾಗುತ್ತದೆ, ನಾನೂ ಹೈಸ್ಕೂಲು ಓದಿದವಳು. ಶಾಲೆಯವರೇ ಮಕ್ಕಳನ್ನು ಹೊರಗೆ ಹಾಕಿದರು. ಈಗ ಮಕ್ಕಳನ್ನು ಶಾಲೆಗೆ ಕಳಿಸಲಿಲ್ಲ ಎಂದು ತಂದೆ ಏಮಸ್ ಮೇಲೆ ದೂರು ಹಾಕಿದ್ದಾರೆ. ಸೋತರೆ ಟ್ವೈಲಾಳನ್ನೂ ಅವಳ ತಮ್ಮನನ್ನೂ ಪೋಲಿ ಮಕ್ಕಳನ್ನು ಕೂಡಿಹಾಕುವ ಶಾಲೆಗೆ ಕಳಿಸುತ್ತಾರಂತೆ. ಆ ಹುಡುಗಿಗೆ ಒಂಬತ್ತು ವರ್ಷ. ಇದು ಅನ್ಯಾಯವೇ ಅಲ್ಲವೇ ಎಂದು ನನ್ನನ್ನು ಕೇಳಬೇಡ. ನಾನು ಹೇಳುತ್ತಿರುವುದು ನಿನ್ನ ವಿಷಯ.

ನೀನು ವಕೀಲಿ ಓದುತ್ತೇನೆ ಎಂದಾಗ ನಿನ್ನ ಅಪ್ಪ ನಕ್ಕಿದ್ದು ನೆನಪಿದೆಯೇ? "ಇವಳ ಬಾಯಿಗೆ ಎರಡೇ ದಾರಿ ಕಣೇ. ಒಂದೋ ಕೋರ್ಟು, ಇಲ್ಲಾ ಜೈಲು." ನೀನು ಎರಡನ್ನೂ ನೋಡಿದೆ. ಮುಷ್ಕರದ ವರ್ಷ ಇಡೀ ಜಿಲ್ಲೆಯಲ್ಲಿ ಒಬ್ಬ ವಕೀಲನೂ ಬಾಯಿ ಬಿಡದಿದ್ದಾಗ, ಲಾರಿಯ ಮೇಲೆ ನಿಂತು ಭಾಷಣ ಮಾಡಿ ಬಂಧನಕ್ಕೊಳಗಾದ ಗಣಿ ಕೆಲಸಗಾರನನ್ನು ಬಿಡಿಸಿದೆ. ಆಗ ಊರೆಲ್ಲ ನಿನ್ನನ್ನು ಹೊತ್ತು ಮೆರೆಸಿತು. ಓಹಿಯೋದಲ್ಲಿ ಒಬ್ಬ ಮೇಷ್ಟ್ರಿಗೆ ಕೆಲಸ ವಾಪಸು ಕೊಡಿಸಿದೆ. ಆಮೇಲೆ ಮುಖಕ್ಕೆ ಬಿಳಿ ಮುಸುಕು ಹಾಕಿಕೊಂಡು ಜನರನ್ನು ಹೆದರಿಸುವ ಆ ನೀಚರ ಮೆರವಣಿಗೆಗೂ ಅನುಮತಿ ಕೊಡಿ ಎಂದು ನೀನೇ ವಾದಿಸಿದೆ! ಆರು ತಿಂಗಳು ನಾನು ನಿನಗೆ ಕಾಗದ ಬರೆಯಲಿಲ್ಲ. ನೀನು ಬಂದು ಇದೇ ಅಡುಗೆಮನೆಯಲ್ಲಿ ನಿಂತು ಹೇಳಿದೆ: "ಅವರನ್ನ ಕಂಡ್ರೆ ನಂಗೂ ಅಸಹ್ಯ ಅಮ್ಮಾ. ಆದ್ರೆ ಇವತ್ತು ಅವರ ಬಾಯಿ ಮುಚ್ಚಿಸೋಕೆ ಒಂದು ಕಾನೂನು ಮಾಡ್ಕೊಟ್ರೆ, ನಾಳೆ ಅದೇ ಕಾನೂನು ಹಿಡ್ಕೊಂಡು ನಮ್ಮ ಬಾಗಿಲಿಗೆ ಬರ್ತಾರೆ." ನಾನು ಒಪ್ಪಲಿಲ್ಲ. ಈಗಲೂ ಒಪ್ಪುವುದಿಲ್ಲ. ಸಿನ್ಸಿನಾಟಿಯ ಪತ್ರಿಕೆಯಲ್ಲಿ ಬಂದ ನಿನ್ನ ಚಿತ್ರವನ್ನು ನಾನು ಕತ್ತರಿಸಿ ಇಟ್ಟುಕೊಂಡಿಲ್ಲ. ಬೈಬಲಿನ ಒಳಗೆ ಅದು ಹೇಗೋ ಸೇರಿಕೊಂಡಿದೆ, ಅಷ್ಟೆ.

ಅಂದು ನೀನು ಬಿಡಿಸಿದ ಆ ಭಾಷಣಕಾರ ಡೆಲ್ಬರ್ಟ್ ಇದ್ದಾನಲ್ಲ, ಇಂದು ಈ ಸಂಸಾರದ ಮೇಲೆ ಬಿದ್ದಿರುವ ಊರಿನ ಗುಂಪಿಗೆ ಅವನೇ ಮುಂದಾಳು. ಕಳೆದ ತಿಂಗಳು ಏಮಸ್‌ನನ್ನು ಮನೆಯಿಂದ ಎಳೆದು ತಂದರು. ಹಗ್ಗ ಕಟ್ಟಿ ಪೇಟೆಯ ಮಧ್ಯೆ ನಡೆಸಿಕೊಂಡು ಹೋಗಿ, ಪುರಸಭೆಯ ಮೆಟ್ಟಿಲ ಮೇಲೆ ಮೂಗು ಹಿಡಿದು ಹರಳೆಣ್ಣೆ ಕುಡಿಸಿದರು. ಒಂದು ಬಾಟಲಿ, ಇನ್ನೊಂದು, ಮತ್ತೊಂದು. ನಾನು ದಾರಿಯ ಆಚೆ ಸಕ್ಕರೆಯ ರೇಷನ್ ಚೀಟಿ ಹಿಡಿದು ಸಾಲಿನಲ್ಲಿ ನಿಂತಿದ್ದೆ. ಅವನು ರಕ್ತ ಕಾರಿಕೊಂಡ. ಪೊಲೀಸಿನವನು ಬೂಟಿನ ದಾರ ಕಟ್ಟಿಕೊಳ್ಳುತ್ತಾ ಕೂತಿದ್ದ. ಡೆಲ್ಬರ್ಟ್ ಕೂಗಿ ಹೇಳುತ್ತಿದ್ದ: "ಏನೂ ಮಾಡಲ್ಲ ಕಣ್ರಯ್ಯಾ, ಹೊಟ್ಟೆ ಸ್ವಲ್ಪ ಚೊಕ್ಕ ಮಾಡ್ತಿದೀವಿ!" ಜನ ನಕ್ಕರು. ನನ್ನ ಪಕ್ಕದಲ್ಲಿದ್ದವರೂ ನಕ್ಕರು.

ಮೊನ್ನೆ ಶನಿವಾರ ಔಷಧಿ ಅಂಗಡಿಗೆ ಹೋಗಿದ್ದೆ. ಡೆಲ್ಬರ್ಟ್ ಅಲ್ಲಿದ್ದ. ಅಂಗಡಿಯ ಹೋಮರ್ ಅಟ್ಟದಿಂದ ಹರಳೆಣ್ಣೆ ಬಾಟಲಿಗಳನ್ನು ಒಂದೊಂದಾಗಿ ಇಳಿಸಿ ಡಬ್ಬಕ್ಕೆ ತುಂಬುತ್ತಿದ್ದ.

"ಯಾರಿಗೋ ಇಷ್ಟೊಂದು? ನಿಮ್ಮ ಮನೇಲಿ ಎಲ್ಲರಿಗೂ ಹೊಟ್ಟೆ ಕಟ್ಟಿದ್ಯಾ?" ಎಂದೆ.

"ನಮ್ಮ ಮನೆಗಲ್ಲ ಲವೀನತ್ತೆ, ಬರೋ ಶನಿವಾರದ ರೈಲಿಗೆ ನೆಂಟರು ಬರ್ತಾರಂತಲ್ಲ, ಅವರಿಗೆ," ಎಂದ. ಆಮೇಲೆ ಟೋಪಿ ತೆಗೆದ. ಈಗಲೂ ನನ್ನ ಮುಂದೆ ಟೋಪಿ ತೆಗೆಯುತ್ತಾನೆ. "ಒರ್ಫಕ್ಕಂಗೆ ನೀವೇ ಬುದ್ಧಿ ಹೇಳಿ. ಅವಳು ನಂಗೆ ಮಾಡಿದ್ದು ನಾನು ಮರ್ತಿಲ್ಲ. ಅದಕ್ಕೇ ಮೊದಲೇ ಹೇಳ್ತಿರೋದು. ನಿಮ್ಮ ಕಿಟಕೀಲಿ ನಕ್ಷತ್ರ ಬೇರೆ ಇದೆ."

"ಅವಳು ಬಿಡಿಸದೆ ಇದ್ದಿದ್ರೆ ನೀನು ಇವತ್ತೂ ಜೈಲಲ್ಲಿ ಕಲ್ಲು ಒಡೀತಿದ್ದೆ."

"ಅದು ಬೇರೆ ಅತ್ತೆ. ಆಗ ನಾವು ಸರಿ ಇದ್ವಿ."

ಅಷ್ಟೇ ಅಂದದ್ದು. ಸಿಟ್ಟಿಲ್ಲ, ಕೂಗಾಟವಿಲ್ಲ. ಒರ್ಫಾ, ಅವನು ಕೂಗಿದ್ದರೆ ನನಗೆ ಇಷ್ಟು ಭಯವಾಗುತ್ತಿರಲಿಲ್ಲ.

ನೀನು ಬರುವ ದಿನ ಅವನಿಗೆ ಹೇಗೆ ಗೊತ್ತಾಯಿತು? ನಿನ್ನ ಕಾಗದದ ಲಕೋಟೆ ಯಾರೋ ಬಿಚ್ಚಿ ಮತ್ತೆ ಅಂಟಿಸಿದ ಹಾಗೆ ಸ್ವಲ್ಪ ಸುಕ್ಕಾಗಿತ್ತು. ಅದಕ್ಕೇ ಇದನ್ನು ನಮ್ಮ ಅಂಚೆ ಕಚೇರಿಯಲ್ಲಿ ಹಾಕದೆ, ಮುಂದಿನ ಊರಿಗೆ ಹೋಗಿ ಹಾಕಬೇಕೆಂದಿದ್ದೇನೆ.

ಇನ್ನೊಂದು ವಿಷಯ ಇದೆ. ಬರೆಯಬಾರದೆಂದು ಮಾಡಿದ್ದೆ. ಬರೆಯದಿದ್ದರೆ ನಾನು ಯಾಕೆ ಹೀಗೆ ಹೆದರಿದ್ದೇನೆ ಎಂದು ನಿನಗೆ ಅರ್ಥವಾಗುವುದಿಲ್ಲ.

ಏಮಸ್‌ನ ಹೆಂಡತಿ ಈನಿಸ್‌ಗೆ ಕೂಸು ಹುಟ್ಟಿ ಎರಡು ವಾರವಾಯಿತು. ನಮ್ಮೂರಲ್ಲಿ ಬಾಣಂತಿ ಮನೆಗೆ ಊಟದ ಪಾತ್ರೆ ಹೋಗದೆ ಇರುವುದುಂಟೇ? ಕುಡುಕನ ಹೆಂಡತಿಗೂ ಹೋಗುತ್ತದೆ, ಕಳ್ಳನ ಹೆಂಡತಿಗೂ ಹೋಗುತ್ತದೆ. ಯಾರು ಯಾವ ದಿನ ಎಂದು ಗೊತ್ತುಮಾಡಿ ಕಳಿಸುವವಳು ನಾನೇ, ನಿನ್ನ ಅಜ್ಜಿಯ ಕಾಲದಿಂದ ಅದು ನಮ್ಮ ಮನೆಯ ಕೆಲಸ. ಈ ಸಲ ಚರ್ಚಿನಲ್ಲಿ ಹೆಸರು ಎತ್ತಿದೆ. ಎಲ್ಲರೂ ತಮ್ಮ ತಮ್ಮ ಕೈಚೀಲದೊಳಗೆ ಏನನ್ನೋ ಹುಡುಕತೊಡಗಿದರು. ಡೆಲ್ಬರ್ಟ್‌ನ ಹೆಂಡತಿ ಜೆಲ್ಫಾ ಮಾತ್ರ ನನ್ನನ್ನೇ ನೋಡಿ, "ಅತ್ತೆ, ಈ ಒಂದು ಮನೆ ಬಿಟ್ಬಿಡೋಣ," ಎಂದಳು. ಅವಳು ತಾಯಿಯಿಲ್ಲದ ಹುಡುಗಿ. ಅಡುಗೆ ಕಲಿತದ್ದು ನನ್ನ ಒಲೆಯ ಮುಂದೆ.

ಬಿಟ್ಟುಬಿಡೋಣ ಎಂದು ನನಗೆ ಹೇಳುವವರು ಯಾರು? ಬುಧವಾರ ನಾನೇ ಕೋಳಿ ಬೇಯಿಸಿ, ಹಿಟ್ಟಿನ ಉಂಡೆ ಬಿಟ್ಟು, ನಿನ್ನ ಅಜ್ಜಿಯ ನೀಲಿ ಅಂಚಿನ ಪಾತ್ರೆಗೆ ಸುರಿದು, ಹಳ್ಳದ ದಾರಿಯಲ್ಲಿ ಯಾರ ಕಣ್ಣಿಗೂ ಬೀಳದೆ ಕೊಟ್ಟು ಬಂದೆ. ಅವರ ಧರ್ಮಕ್ಕೆ ಕೊಟ್ಟದ್ದಲ್ಲ, ಬಾಣಂತಿಗೆ ಕೊಟ್ಟದ್ದು. ಟ್ವೈಲಾಳನ್ನು ಕೂರಿಸಿ ಗದರಿಸಿಯೂ ಬಂದೆ. "ಕೈ ಎತ್ತಿದ್ರೆ ನಿನ್ನ ಗಂಟೇನು ಹೋಗುತ್ತೆ?" ಎಂದರೆ, ಆ ಹುಡುಗಿ ಬಹಳ ಯೋಚನೆ ಮಾಡಿ, "ಅಜ್ಜಿ, ಇನ್ನೊಂದು ಉಂಡೆ ಹಾಕ್ತೀರಾ?" ಎಂದಿತು. ಹಾಕಿದೆ.

ಇಷ್ಟೆಲ್ಲ ಗುಟ್ಟಾಗಿ ಮಾಡಿದವಳು ಒಂದನ್ನು ಮರೆತೆ. ಪಾತ್ರೆಯ ತಳದಲ್ಲಿ ಗಾಯಕ್ಕೆ ಹಚ್ಚುವ ಪ್ಲಾಸ್ಟರ್ ಪಟ್ಟಿ ಅಂಟಿಸಿ ಹೆಸರು ಬರೆಯುತ್ತೇವಲ್ಲ, ಹತ್ತು ಮನೆಯ ಪಾತ್ರೆ ಕಲೆತುಹೋಗದಿರಲಿ ಎಂದು, ಅದನ್ನು ಕೀಳಲಿಲ್ಲ. ಕೀಳಬೇಕೆಂದು ಹೊಳೆಯಲೂ ಇಲ್ಲ. ಭಾನುವಾರ ಡೆಲ್ಬರ್ಟ್‌ನ ಕಡೆಯವರು ಪುಸ್ತಿಕೆಗಳನ್ನು ಸುಡುತ್ತೇವೆಂದು ಆ ಮನೆಗೆ ನುಗ್ಗಿದರು. ಪಾತ್ರೆ ಮೇಜಿನ ಮೇಲಿತ್ತು. ಯಾರೋ ತಿರುಗಿಸಿ ನೋಡಿದ್ದಾರೆ. "ಲವೀನಾ ಟ್ಯಾಕೆಟ್."

ನಿನ್ನೆ ಬೆಳಿಗ್ಗೆ ಬಾಗಿಲು ತೆಗೆದರೆ ಪಾತ್ರೆ ನಮ್ಮ ಜಗಲಿಯ ಮೇಲಿತ್ತು. ಚೆನ್ನಾಗಿ ತೊಳೆದು, ಒರೆಸಿ, ಇಸ್ತ್ರಿ ಮಾಡಿದ ಬಟ್ಟೆಯಲ್ಲಿ ಸುತ್ತಿದ್ದರು. ತಳದ ಪಟ್ಟಿ ಕಿತ್ತಿದ್ದರು. ಊಟದ ಪಾತ್ರೆಯನ್ನು ನಾವು ಯಾರೂ ಬರಿದಾಗಿ ಹಿಂದಿರುಗಿಸುವುದಿಲ್ಲವಲ್ಲ, ಎರಡು ಸೇಬನ್ನೋ ಒಂದು ಹಿಡಿ ಕಾಳನ್ನೋ ಹಾಕಿಯೇ ಕೊಡುತ್ತೇವೆ. ಇದೂ ಬರಿದಾಗಿರಲಿಲ್ಲ. ಒಳಗೆ ಒಂದು ಹರಳೆಣ್ಣೆ ಬಾಟಲಿ ಇತ್ತು.

ಬಾಟಲಿ ನೋಡಿ ನಾನು ಹೆದರಲಿಲ್ಲ. ಬಟ್ಟೆಯ ಮಡಿಕೆ ನೋಡಿ ಹೆದರಿದೆ. ಗಂಡಸರಿಗೆ ಈ ಪದ್ಧತಿ ಗೊತ್ತಿರುವುದಿಲ್ಲ ಒರ್ಫಾ. ಡೆಲ್ಬರ್ಟ್ ಆಗಿದ್ದರೆ ಪಾತ್ರೆಯನ್ನು ಕಲ್ಲಿಗೆ ಹೊಡೆದು ಚೂರು ಎಸೆದು ಹೋಗುತ್ತಿದ್ದ. ಇದನ್ನು ತೊಳೆದವಳು, ಒರೆಸಿದವಳು, ನಾಲ್ಕು ಮೂಲೆ ಒಳಗೆ ಮಡಿಸಿದವಳು ಒಬ್ಬ ಹೆಂಗಸು. ಹಾಗೆ ಮಡಿಸುವುದನ್ನು ನಾನು ಒಬ್ಬಳಿಗೇ ಕಲಿಸಿದ್ದೇನೆ. ನೀನಂತೂ ಕಲಿಯಲಿಲ್ಲ.

ಈಗ ತಿಳಿಯಿತೇ? ಗಂಡಸರ ಗುಂಪಾದರೆ ಅಮಲು ಇಳಿದ ಮೇಲೆ ಚದುರುತ್ತದೆ ಎಂದು ಕಾಯಬಹುದು. ಹೆಂಗಸರು ಅಡುಗೆಮನೆಯಲ್ಲಿ ಕೂತು ಯೋಚನೆ ಮಾಡಿ ನಿರ್ಧರಿಸಿದ ಮೇಲೆ ಈ ಊರಿನಲ್ಲಿ ನಿನ್ನನ್ನು ಕಾಯುವವರು ಯಾರು? ನೀನು ಮೆಟ್ಟಿಲ ಮೇಲೆ ಮಂಡಿಯೂರಿರುವುದು, ಯಾರೋ ನಿನ್ನ ಮೂಗು ಹಿಡಿದಿರುವುದು, ಕಣ್ಣು ಮುಚ್ಚಿದರೆ ಅದೇ ಕಾಣುತ್ತದೆ. ನೀನು ಚಿಕ್ಕವಳಿದ್ದಾಗ ಹರಳೆಣ್ಣೆ ಕುಡಿಸಲು ನಾನೇ ನಿನ್ನ ಮೂಗು ಹಿಡಿಯುತ್ತಿದ್ದೆ. ನೀನು ಉಗುಳುತ್ತಿದ್ದೆ.

ಬೇರೆ ವಕೀಲರನ್ನು ನೋಡಿಕೊಳ್ಳಲಿ ಎನ್ನೋಣವೆಂದರೆ, ಜಿಲ್ಲಾ ಕೇಂದ್ರದ ಇಬ್ಬರೂ ಒಪ್ಪುವುದಿಲ್ಲವಂತೆ. ಒಬ್ಬರಿಗೆ ಸೊಂಟ ನೋವು, ಇನ್ನೊಬ್ಬರ ಹೆಂಡತಿಗೆ ಭಯ. ನನಗೆ ಹೇಗೆ ಗೊತ್ತು ಎಂದು ಕೇಳಬೇಡ, ಬಸ್ಸಿನಲ್ಲಿ ಆ ಕಡೆ ಹೋಗಿದ್ದೆ. ನೀನು ಬರದಿದ್ದರೆ ಏಮಸ್‌ನ ಪರವಾಗಿ ಯಾರೂ ಇಲ್ಲ, ಅದೂ ನನಗೆ ಗೊತ್ತು. ಗೊತ್ತಿದ್ದೂ ಬರಬೇಡ ಎನ್ನುತ್ತಿದ್ದೇನೆ. ನಾನು ನ್ಯಾಯಾಧೀಶೆಯಲ್ಲ, ತಾಯಿ. ಒಬ್ಬನನ್ನು ಸಮುದ್ರಕ್ಕೆ ಕೊಟ್ಟಿದ್ದೇನೆ, ಇನ್ನೊಬ್ಬಳನ್ನು ರೈಲು ನಿಲ್ದಾಣದಲ್ಲಿ ಕಳೆದುಕೊಳ್ಳಲಾರೆ.

ನನ್ನ ಮಾತು ಕೇಳಿ ನಿನಗೆ ಅಭ್ಯಾಸವಿಲ್ಲ. ಬಂದೇ ಬರುತ್ತೀಯಾದರೆ ನಮ್ಮ ನಿಲ್ದಾಣದಲ್ಲಿ ಇಳಿಯಬೇಡ. ಹಿಂದಿನ ನಿಲ್ದಾಣದಲ್ಲಿ ಇಳಿ. ಹಾಲಿನ ಗಾಡಿಯವನಿಗೆ ಹೇಳಿರುತ್ತೇನೆ, ಕ್ಯಾನುಗಳ ಹಿಂದೆ ಕೂತು ಹಿತ್ತಲಿನಿಂದ ಬಾ. ತಲೆಗೆ ವಸ್ತ್ರ ಕಟ್ಟಿಕೋ. ಯಾರಿಗೂ ನಿನ್ನ ಹೆಸರು ಹೇಳಬೇಡ.

ದೇವರು ನಿನ್ನನ್ನು ಕಾಪಾಡಲಿ, ನಿನಗೆ ಬುದ್ಧಿಯನ್ನೂ ಕೊಡಲಿ.

ನಿನ್ನ ಅಮ್ಮ,
ಲವೀನಾ ಟ್ಯಾಕೆಟ್

ತಾ.ಕ.: ಬುಧವಾರ ಸಂಜೆ. ಕಾಗದವನ್ನು ಇನ್ನೂ ಅಂಚೆಗೆ ಹಾಕಿಲ್ಲ. "ಹೆಸರು ಹೇಳಬೇಡ" ಎಂದು ಬರೆದೆನಲ್ಲ, ಆ ಮಾತು ಬೆಳಗಿನಿಂದ ನನ್ನನ್ನು ಬಿಡಲಿಲ್ಲ. ಮಧ್ಯಾಹ್ನ ಉಂಡೆ ಸಾರು ಮಾಡಿದೆ. ಮನೆಯಲ್ಲಿ ಉಳಿದಿದ್ದ ಕೊನೆಯ ಪಟ್ಟಿಯನ್ನು ಅದೇ ಪಾತ್ರೆಯ ಹೊರಬದಿಗೆ, ಎಲ್ಲರಿಗೂ ಕಾಣುವ ಹಾಗೆ ಅಂಟಿಸಿ, ದಪ್ಪ ಅಕ್ಷರದಲ್ಲಿ ನನ್ನ ಹೆಸರು ಬರೆದೆ. ಹಳ್ಳದ ದಾರಿಯಲ್ಲಿ ಹೋಗಲಿಲ್ಲ, ಪೇಟೆಯ ನಡುವೆಯೇ ಹೋದೆ. ಔಷಧಿ ಅಂಗಡಿಯ ಬಾಗಿಲಲ್ಲಿ ಡೆಲ್ಬರ್ಟ್, ಅವನ ಹಿಂದೆ ಜೆಲ್ಫಾ. "ಎಲ್ಲಿಗೆ ಅತ್ತೆ?" ಎಂದ. "ಬಾಣಂತಿ ಮನೆಗೆ. ಬಟ್ಟೆ ನೀನು ಚೆನ್ನಾಗಿ ಮಡಿಸಿದ್ದೆ ಕಣೇ ಜೆಲ್ಫಾ," ಎಂದೆ. ಅವಳು ನೆಲ ನೋಡಿದಳು. ಅವನು ಈ ಸಲ ಟೋಪಿ ತೆಗೆಯಲಿಲ್ಲ. ನಾನು ನಡೆದುಹೋಗಿ ಪಾತ್ರೆ ಕೊಟ್ಟು ಬಂದೆ. ಭಯ ಈಗಲೂ ಇದೆ.

ಹಾಲಿನ ಗಾಡಿ ಬೇಡ. ನಮ್ಮ ನಿಲ್ದಾಣದಲ್ಲೇ ಇಳಿ, ನಾನು ಕಟ್ಟೆಯ ಮೇಲೆ ನಿಂತಿರುತ್ತೇನೆ. ಬರುವಾಗ ಒಂದು ಸುರುಳಿ ಪ್ಲಾಸ್ಟರ್ ಪಟ್ಟಿ ತಾ. ಹೋಮರ್ ಇನ್ನು ಮುಂದೆ ನನಗೆ ಮಾರುವುದಿಲ್ಲವಂತೆ.