ಎಚ್ಚರಾದ ಮೇಲೆ ಅವ್ವ ಕೇಳುತ್ತಿದ್ದುದು

ಮಾಕಳಿ
17 ಆಗಸ್ಟ್ 2024

ಪ್ರೀತಿಯ ಯಮುನಾ,

ನೀನೂ ಮಕ್ಕಳೂ ಚೆನ್ನಾಗಿದ್ದೀರೆಂದು ನಂಬಿದ್ದೇನೆ. ಅವ್ವನ ತಿಥಿ ಮುಗಿದ ವಾರವೇ ಬರೆಯಬೇಕಿತ್ತು, ಮೂರು ತಿಂಗಳಾಯಿತು. ಫೋನಿನಲ್ಲಿ ಹೇಳುವ ಧೈರ್ಯವಿಲ್ಲ. ನನಗೆ ಅಭ್ಯಾಸವಿರುವುದು ಬರೆಯುವುದೊಂದೇ, ಅದೂ ಇನ್ನೊಬ್ಬರ ಮಾತನ್ನು.

ಎದುರಿನ ರಾಗಿ ಹೊಲದಲ್ಲಿ ಈಗ ಗೋದಾಮಿದೆ. ಲಾರಿ ಹಿಂದಕ್ಕೆ ಬರುವಾಗಿನ ಕೂಗು ಅವ್ವನ ಕೋಣೆಯೊಳಗೂ ಕೇಳುತ್ತದೆ. ಶುಕ್ರವಾರ ಜನ ಈಗಲೂ ಬರುತ್ತಾರೆ. ಅವಳ ಖಾಲಿ ಮಣೆಗೆ ಕೈಮುಗಿದು ನನ್ನ ಮುಖ ನೋಡುತ್ತಾರೆ. ಅವಳಿಗೆ ಬರುತ್ತಿದ್ದಂತೆ ನನ್ನ ಮೈಮೇಲೆ ದೇವಿ ಬರುವುದಿಲ್ಲ. ಆದರೂ ಎದ್ದು ಹೋಗುವಂತಿಲ್ಲ.

ನಿನಗೆ ನೆನಪಿರಬೇಕು, ದೇವಿ ಇಳಿದ ಮೇಲೆ ಅವ್ವನಿಗೆ ತಾನಾಡಿದ ಒಂದು ಮಾತೂ ನೆನಪಿರುತ್ತಿರಲಿಲ್ಲ. ನೀರು ಕುಡಿದು "ನಾನೇನಂದೆ?" ಎನ್ನುತ್ತಿದ್ದಳು. ಬರೆದುಕೊಂಡದ್ದನ್ನು ನೀನೇ ಓದಿ ಹೇಳುತ್ತಿದ್ದೆ. ಅದು ಅವಳಿಗೂ ಅಪ್ಪಣೆಯೇ. ಉಪ್ಪು ಬಿಡು ಅಂದಿದ್ದೀಯ ಎಂದು ನೀನು ಓದಿದ್ದಕ್ಕೆ ಎರಡು ವರ್ಷ ಉಪ್ಪು ಮುಟ್ಟದವಳು. ನೀನು ಮನೆಯಲ್ಲಿ ಹೇಳದೆ ಮದುವೆಯಾಗಿ ಸಿಂಗಸಂದ್ರಕ್ಕೆ ಹೋದ ಮೇಲೆ ನೋಟ್‌ಬುಕ್ಕು ನನ್ನ ಕೈಗೆ ಬಂತು. ಪೀಣ್ಯದ ಲೇತ್ ಕೆಲಸ ಬಿಟ್ಟು ಕೂತೆ. ಹತ್ತೊಂಬತ್ತು ವರ್ಷ.

ಭಕ್ತರು ಅವ್ವನ ಮಾತುಗಳನ್ನು ಪುಸ್ತಕ ಮಾಡಿಸುತ್ತಿದ್ದಾರೆ. ಅವರ ಪೈಕಿ ಹಿರಿಯರಾದ ಗೋಪಾಲಪ್ಪನವರು ಕರಡು ತಂದುಕೊಟ್ಟು, ಎಲ್ಲವೂ ಅವ್ವನ ಮಾತೇ ಎಂದು ಸಹಿ ಹಾಕಲು ಹೇಳಿದರು. ನೀನು ಬಲ್ಲ ಆ ಮಾತೂ ಅದರಲ್ಲಿದೆ: ಹೇಳದೆ ಹೋದ ಮಗಳು ಹೊಸ್ತಿಲು ತುಳಿಯಬಾರದು. ಕಳೆದ ವಾರ ಭಾಗ್ಯಶ್ರೀ ಎಂಬ ಹುಡುಗಿ ಬಂದಿದ್ದಳು. ಅವಳಪ್ಪ ಅದನ್ನೇ ಹಿಡಿದು ಅವಳನ್ನು ಹೊರಗಿಟ್ಟಿದ್ದಾನಂತೆ. "ಅಜ್ಜಿ ಇನ್ನೇನೂ ಅಂದಿರ್ಲಿಲ್ವಾ ಅಣ್ಣ? ಸರಿಯಾಗ್ ನೋಡಿ" ಅಂದಳು. ನೋಟ್‌ಬುಕ್ಕು ತೆರೆದು ನೋಡಿದಂತೆ ಮಾಡಿದೆ.

ಆ ಸಾಲು ತೆಗೆಯೋಣ ಎಂದು ಗೋಪಾಲಪ್ಪನವರಿಗೆ ಹೇಳಿದೆ. ನಕ್ಕರು. "ಒಂದು ಸುಳ್ಳು ಅಂದ್ರೆ ಎಲ್ಲಾನೂ ಸುಳ್ಳಾಯ್ತದೆ ಕಣಪ್ಪ. ಇಷ್ಟು ಜನ ನಂಬ್ಕೊಂಡವ್ರೆ." ಸಹಿ ಹಾಕಿಲ್ಲ, ಹಾಕುವುದಿಲ್ಲವೆಂದೂ ಹೇಳಿಲ್ಲ. ಭಾನುವಾರ ಬಂದು ಒಯ್ಯುತ್ತಾರೆ. ಈ ಕಾಗದವನ್ನು ಯಾರಿಗೆ ತೋರಿಸಬೇಕೆನ್ನುವುದು ನಿನಗೆ ಬಿಟ್ಟದ್ದು.

ಮಕ್ಕಳಿಗೆ ಆಶೀರ್ವಾದ. ನಿನಗೂ ಒಳ್ಳೆಯದಾಗಲಿ ಎನ್ನುತ್ತೇನೆ, ಹಾಗೆನ್ನುವ ಹಕ್ಕು ನನಗೆ ಉಳಿದಿದ್ದರೆ.

ನಿನ್ನ ಅಣ್ಣ,
ಮುನಿರಾಜು

ಇದನ್ನು ಮೊದಲೇ ಬರೆಯಬೇಕಿತ್ತು: ನೀನು ಹೋದ ಮೇಲಿನ ಮೊದಲ ಶುಕ್ರವಾರ ದೇವಿಯನ್ನು ನಿನ್ನ ಬಗ್ಗೆ ಕೇಳಿದವನು ನಾನೇ. ಅವ್ವನ ಬಾಯಲ್ಲಿ ಬಂದದ್ದು, "ಕರ್ಕೊಂಡ್ ಬಾ, ಮಡ್ಲು ತುಂಬು." ನೀನು ಬಿಟ್ಟುಹೋದ ಜಾಗದಲ್ಲಿ ಸಿಕ್ಕಿಬಿದ್ದ ಸಿಟ್ಟಿಗೆ ನಾನು ಆ ಹೊಸ್ತಿಲಿನ ಮಾತನ್ನು ಬರೆದು, ಅವಳಿಗೆ ಅದನ್ನೇ ಓದಿದೆ. ಅವ್ವ, "ನಾನು ಅಂಗಂದ್ನಾ" ಎಂದಳು. ಮತ್ತೆ ನಿನ್ನ ಹೆಸರೆತ್ತಲಿಲ್ಲ. ಕೊನೆಯ ದಿನ ಬೆಳಿಗ್ಗೆ ಮಾತ್ರ ಕೈ ಹಿಡಿದು ಕೇಳಿದಳು: "ಅವತ್ತು ಸರಿಯಾಗ್ ಕೇಳಿಸ್ಕಂಡಿದ್ಯೇನೋ?" ಹೂಂ ಅಂದೆ. ಸಂಜೆ ನೀನು ಬಂದು ಗೇಟಿನ ಹೊರಗೇ ನಿಂತೆ, ಅವಳ ಮಾತು ಮೀರಬಾರದೆಂದು.