ಹಾರ ಹಾಕಿದ ಫೋಟೋ

ನಾರಾಯಣಗೂಡ, ಹೈದರಾಬಾದ್
೧೨-೮-೨೦೦೬

ನಿರ್ದೇಶಕ ಪದ್ಮನಾಭ ಅವರಿಗೆ,

ನಮಸ್ಕಾರ ಹೇಳುವ ಮನಸ್ಸಿಲ್ಲ. ನಿನ್ನೆ ಸೆಟ್‌ಗೆ ಬಂದರೆ ಗೋಡೆಯ ಮೇಲಿನ ನನ್ನ ಫೋಟೋಗೆ ಹಾರ ಬಿದ್ದಿತ್ತು. “ನಿನ್ನ ಪಾತ್ರ ಸಾಯಿಸ್ಯಾರಂತ, ನಿನಗ್ಯಾರೂ ಹೇಳಿಲ್ಲೇನು?” ಎಂದು ಮೇಕಪ್ಪಿನ ಹಂಪಮ್ಮ ಕೇಳಿದಳು.

ಏಳು ವರ್ಷದ ನಿಮ್ಮ ಹಾಸ್ಯ ಧಾರಾವಾಹಿಯಲ್ಲಿ ಜಿಪುಣ ಮಾವ ಧರ್ಮಾತ್ಮನಾದ, ಪೆದ್ದ ಗಂಡ ಹೈಟೆಕ್ ಸಿಟಿಯಲ್ಲಿ ಮ್ಯಾನೇಜರ್ ಆದ. ಎಲ್ಲರ ಬಾಯಿ ಮುಚ್ಚಿಸುತ್ತಿದ್ದ ನನ್ನ ಸೊಸೆ ಪಾತ್ರದ ಕೈಗೆ ಮಾತ್ರ ಕಾಫಿ ತಟ್ಟೆ ಕೊಟ್ಟು ನಿಲ್ಲಿಸಿದಿರಿ.

ಒಂದು ಕೆಲಸ ಮಾಡಿ. ಮೊದಲ ವರ್ಷ ಹಿನ್ನೆಲೆಗೆ ನಗು ಬೇಕೆಂದು ನನ್ನನ್ನೇ ನಗಿಸಿ ರೆಕಾರ್ಡ್ ಮಾಡಿಕೊಂಡಿರಿ. ಇವತ್ತಿಗೂ ಪ್ರತಿ ಜೋಕಿಗೂ ಅದನ್ನೇ ಹಾಕುತ್ತೀರಿ. ನನ್ನ ಫೋಟೋ ಮುಂದೆ ಗಂಡ ಎರಡನೇ ಮದುವೆಯ ಮಾತಾಡುವಾಗ ಆ ನಗು ಹಾಕಬೇಡಿ.

ಇನ್ನೂ ಬದುಕಿರುವ,
ದಾನೇಶ್ವರಿ